ಆಕಾಶ ನೋಡುವವರಿಗೆ ಯಾವ ಪುಸ್ತಕ?

ನಕ್ಷತ್ರ ವೀಕ್ಷಣೆಗೆಂದು ಇಂಗ್ಲಿಷಿನಲ್ಲಿ ಬಂದಿರುವ ಕೈಪಿಡಿಗಳಲ್ಲಿ ಬಹುಪಾಲು ಸಪ್ತರ್ಷಿ ಮಂಡಲದಿಂದಲೇ ಶುರುವಾಗುತ್ತವೆ. ಅದು ವರ್ಷದ ಯಾವ ರಾತ್ರಿಯೂ ಮುಳುಗುವುದಿಲ್ಲ, ಅದರ ಅಂಚಿನ ಎರಡು ನಕ್ಷತ್ರಗಳ ಜಾಡು ಹಿಡಿದು ಹೋದರೆ ಧ್ರುವ ಸಿಗುತ್ತದೆ, ಅಲ್ಲಿಂದ ಮುಂದೆ ಎಲ್ಲವೂ ಸಲೀಸು ಎಂದು ಧೈರ್ಯ ಹೇಳುತ್ತವೆ. ಈ ಮಾತು ನಂಬಿಕೊಂಡು ಅಕ್ಟೋಬರ್ ಮಧ್ಯದಲ್ಲಿ ರಾತ್ರಿ ಎಂಟು ಗಂಟೆಗೆ ಮೈಸೂರಿನಲ್ಲೋ ಶಿವಮೊಗ್ಗದಲ್ಲೋ ಉತ್ತರಕ್ಕೆ ಮುಖ ಮಾಡಿ ನಿಂತರೆ ಏಳು ಋಷಿಗಳಲ್ಲಿ ಒಬ್ಬರೂ ಕಾಣುವುದಿಲ್ಲ. ಇಡೀ ಮಂಡಲ ಆಗ ದಿಗಂತದ ಕೆಳಗಿರುತ್ತದೆ. ಧ್ರುವ ನಕ್ಷತ್ರವೂ ನೆಲಕ್ಕೆ ಹತ್ತಿರ, ದೂಳು ಮತ್ತು ಬೀದಿದೀಪಗಳ ಮಬ್ಬಿನಲ್ಲಿ ಹುದುಗಿರುತ್ತದೆ. ಹೊಸಬರು ತಮಗೇ ನೋಡಲು ಬರುತ್ತಿಲ್ಲ ಎಂದುಕೊಂಡು ಪುಸ್ತಕ ಮುಚ್ಚಿಡುತ್ತಾರೆ.

ಪುಸ್ತಕ ಸುಳ್ಳು ಹೇಳಿಲ್ಲ. ಅದನ್ನು ಬರೆದದ್ದು ಲಂಡನ್ನಿನ, ಟೊರಾಂಟೊದ, ನ್ಯೂಯಾರ್ಕಿನ ಓದುಗರಿಗೆ. ಯಾವ ಊರಿನಲ್ಲೇ ಆಗಲಿ ಧ್ರುವ ನಕ್ಷತ್ರದ ಎತ್ತರ ಹೆಚ್ಚುಕಡಿಮೆ ಆ ಊರಿನ ಅಕ್ಷಾಂಶದಷ್ಟು. ಆ ಊರುಗಳಲ್ಲಿ ಅದು 40ರಿಂದ 51 ಡಿಗ್ರಿ ಎತ್ತರದಲ್ಲಿ ನಿಂತಿರುತ್ತದೆ. ಕರ್ನಾಟಕ ಹರಡಿಕೊಂಡಿರುವುದು ಸುಮಾರು 11.5ರಿಂದ 18.5 ಡಿಗ್ರಿ ಉತ್ತರ ಅಕ್ಷಾಂಶದ ನಡುವೆ. ಹಾಗಾಗಿ ಉತ್ತರದ ಒಂದಿಷ್ಟು ಆಕಾಶ ನಮಗೆ ಕಡಿಮೆ, ದಕ್ಷಿಣದ ಬಹಳಷ್ಟು ಆಕಾಶ ಹೆಚ್ಚು. ಫೆಬ್ರವರಿಯ ರಾತ್ರಿ ಬೆಂಗಳೂರಿನಿಂದ ನೋಡಿದರೆ ಅಗಸ್ತ್ಯ ನಕ್ಷತ್ರ ದಕ್ಷಿಣದಲ್ಲಿ 24 ಡಿಗ್ರಿ ಎತ್ತರಕ್ಕೆ ಏರಿರುತ್ತದೆ. ಇಡೀ ಇರುಳಿನ ಆಕಾಶದಲ್ಲಿ ಲುಬ್ಧಕವನ್ನು ಬಿಟ್ಟರೆ ಅದಕ್ಕಿಂತ ಪ್ರಕಾಶದ ನಕ್ಷತ್ರ ಇಲ್ಲ. ಲಂಡನ್ನಿನಲ್ಲಿ ಅದು ಹುಟ್ಟುವುದೇ ಇಲ್ಲ, ನ್ಯೂಯಾರ್ಕಿನಲ್ಲೂ ಇಲ್ಲ. ಆದ್ದರಿಂದಲೇ ಅಲ್ಲಿನ ಪುಸ್ತಕಗಳಲ್ಲಿ ಅಗಸ್ತ್ಯನಿಗೆ ಸಿಗುವ ಜಾಗ ಕೊನೆಯ ಅಧ್ಯಾಯ, ಇಲ್ಲವೇ ‘ದಕ್ಷಿಣಕ್ಕೆ ಪ್ರವಾಸ ಹೋಗುವವರಿಗೆ’ ಎಂಬ ಅನುಬಂಧ.

ಆದ್ದರಿಂದ ಆಕಾಶದ ಪುಸ್ತಕವನ್ನು ಕೈಗೆತ್ತಿಕೊಂಡಾಗ ಬೆಲೆ, ಚಿತ್ರ, ಪುಟಗಳ ಸಂಖ್ಯೆ ನೋಡುವ ಮೊದಲು ಕೇಳಬೇಕಾದ ಪ್ರಶ್ನೆ ಒಂದೇ: ಇದು ಯಾವ ಅಕ್ಷಾಂಶದವರಿಗೆ ಬರೆದದ್ದು? ಉತ್ತರ ಸಾಮಾನ್ಯವಾಗಿ ಮುನ್ನುಡಿಯಲ್ಲೋ ಮೊದಲ ನಕ್ಷೆಯ ಅಡಿಯಲ್ಲೋ ಸಣ್ಣ ಅಕ್ಷರದಲ್ಲಿ ಇರುತ್ತದೆ. 40 ಡಿಗ್ರಿ ಎಂದಿದ್ದರೂ ಬೇಡವೆನ್ನಬೇಕಿಲ್ಲ. ನಮ್ಮ ಆಕಾಶಕ್ಕೆ ಹೊಂದಿಸಿಕೊಳ್ಳುವ ದಾರಿ ತಿಳಿದಿರಬೇಕು, ಅಷ್ಟೇ.

ಬರಿಗಣ್ಣಿಗೆ

ಮಕ್ಕಳಿಗೆ ದೂರದರ್ಶಕ ಕೊಡಿಸಬೇಕೆಂದು ವಿಚಾರಿಸುವ ತಂದೆತಾಯಿಯರಿಗೆ ನನ್ನ ಸಲಹೆ: ಆ ಹಣದ ಒಂದು ಚಿಕ್ಕ ಪಾಲಿನಲ್ಲಿ ಮೊದಲು ಪುಸ್ತಕ ಕೊಡಿಸಿ, ಒಂದು ವರ್ಷ ಬರಿಗಣ್ಣಿನಲ್ಲಿ ನೋಡಲಿ. ಮಹಾವ್ಯಾಧ, ವೃಶ್ಚಿಕ, ಸಿಂಹ ಇವನ್ನು ಗುರುತಿಸಲು ಬಾರದವರ ಕೈಗೆ ದೂರದರ್ಶಕ ಕೊಟ್ಟರೆ ಅವರು ಅದನ್ನು ಚಂದ್ರನ ಕಡೆಗೆ ತಿರುಗಿಸುತ್ತಾರೆ. ಮತ್ತೆ ಯಾವ ಕಡೆಗೆ ತಿರುಗಿಸಬೇಕೆಂದು ಅವರಿಗೆ ಗೊತ್ತಿರುವುದಿಲ್ಲ.

ಬರಿಗಣ್ಣಿನ ಪುಸ್ತಕಗಳಲ್ಲಿ ಇಂದಿಗೂ ನಾನು ಮೊದಲು ಹೆಸರಿಸುವುದು ಎಚ್. ಎ. ರೇ ಅವರ ‘ದಿ ಸ್ಟಾರ್ಸ್: ಎ ನ್ಯೂ ವೇ ಟು ಸೀ ದೆಮ್’. ‘ಕ್ಯೂರಿಯಸ್ ಜಾರ್ಜ್’ ಎಂಬ ತುಂಟ ಕೋತಿಯ ಚಿತ್ರಕಥೆಗಳಿಂದ ಮಕ್ಕಳಿಗೆ ಪರಿಚಿತರಾದ ರೇ ಈ ಪುಸ್ತಕವನ್ನು ಹೊರತಂದದ್ದು 1952ರಲ್ಲಿ. ಹಳೆಯ ನಕ್ಷೆಗಳಲ್ಲಿ ನಕ್ಷತ್ರಗಳನ್ನು ಸೇರಿಸಿದ ಗೆರೆಗಳಿಗೂ ಆ ಪುಂಜದ ಹೆಸರಿಗೂ ಸಂಬಂಧವೇ ಕಾಣುತ್ತಿರಲಿಲ್ಲ. ರೇ ಅವರು ಚಿತ್ರಕಾರನ ಕಣ್ಣಿನಿಂದ ಅದೇ ನಕ್ಷತ್ರಗಳನ್ನು ಬೇರೆ ರೀತಿಯಲ್ಲಿ ಜೋಡಿಸಿದರು. ಮಿಥುನದಲ್ಲಿ ಇಬ್ಬರು ಹುಡುಗರು, ಮಹಾಕರಡಿಯಲ್ಲಿ ಕರಡಿ ನಿಜವಾಗಿ ಕಾಣತೊಡಗಿದವು. ಒಮ್ಮೆ ಕಂಡ ಆಕಾರ ಮರೆಯುವುದಿಲ್ಲ. ಮಕ್ಕಳಿಗೆಂದೇ ಅವರು ‘ಫೈಂಡ್ ದಿ ಕಾನ್ಸ್ಟೆಲೇಶನ್ಸ್’ ಎಂಬ ಚಿಕ್ಕ ಪುಸ್ತಕವನ್ನೂ ಬರೆದರು. ಎರಡೂ ಅಮೆರಿಕದ ಅಕ್ಷಾಂಶಕ್ಕೆ ರಚಿತವಾದವು. ಆಕಾರ ಕಲಿಯಲು ಅದು ಅಡ್ಡಿಯಾಗದು, ದಕ್ಷಿಣ ದಿಗಂತದ ನಕ್ಷೆಗೆ ಮಾತ್ರ ಅವನ್ನು ನೆಚ್ಚಬೇಡಿ.

ಭಾರತದ ಆಕಾಶಕ್ಕೆ ಬರೆದದ್ದು ಬೇಕೆಂದರೆ ಬಿಮನ್ ಬಸು ಅವರ ‘ಜಾಯ್ ಆಫ್ ಸ್ಟಾರ್‌ವಾಚಿಂಗ್’ ಹುಡುಕಿ. ನ್ಯಾಷನಲ್ ಬುಕ್ ಟ್ರಸ್ಟ್ ಪ್ರಕಟಣೆಯಾದ್ದರಿಂದ ವಿದೇಶಿ ಪುಸ್ತಕಗಳ ಬೆಲೆಯ ಭಾರ ಇಲ್ಲ. ಹೈಸ್ಕೂಲಿನ ಗ್ರಂಥಾಲಯದಲ್ಲಿ ಇರಲೇಬೇಕಾದ ಪುಸ್ತಕ ಅದು.

ಇನ್ನೊಂದು ಸಾಧನ ಪ್ಲಾನಿಸ್ಫಿಯರ್, ಅಂದರೆ ದಿನಾಂಕಕ್ಕೂ ಗಂಟೆಗೂ ಹೊಂದಿಸಿ ತಿರುಗಿಸುವ ದುಂಡು ನಕ್ಷತ್ರಪಟ. ಇದನ್ನು ಕೊಳ್ಳುವಾಗ ಅಕ್ಷಾಂಶದ ವಿಷಯದಲ್ಲಿ ರಾಜಿ ಬೇಡವೇ ಬೇಡ. 50 ಡಿಗ್ರಿಗೆ ಮಾಡಿದ ಪಟದಲ್ಲಿ ದಕ್ಷಿಣದ ತ್ರಿಶಂಕು ಪುಂಜ ಮುದ್ರಣವಾಗಿಯೇ ಇರುವುದಿಲ್ಲ. ಪಟದ ಮೇಲೆ 10, 15 ಅಥವಾ 20 ಡಿಗ್ರಿ ಉತ್ತರ ಎಂದಿದ್ದರೆ ನಮ್ಮ ರಾಜ್ಯಕ್ಕೆ ನಡೆಯುತ್ತದೆ. ಹೊಸಬರನ್ನು ಗಲಿಬಿಲಿಗೊಳಿಸುವ ಒಂದು ಸಂಗತಿ: ನಕ್ಷತ್ರಪಟದಲ್ಲಿ ಪೂರ್ವ ಎಡಕ್ಕೂ ಪಶ್ಚಿಮ ಬಲಕ್ಕೂ ಇರುತ್ತದೆ. ಅದನ್ನು ಮೇಜಿನ ಮೇಲಿಟ್ಟು ಓದುವಂತಿಲ್ಲ. ತಲೆಯ ಮೇಲೆ ಎತ್ತಿ ಹಿಡಿದು ಕೆಳಗಿನಿಂದ ನೋಡಿದರೆ ದಿಕ್ಕುಗಳು ಸರಿಹೊಂದುತ್ತವೆ.

ಗಡಿಯಾರವನ್ನೂ ಸ್ವಲ್ಪ ತಿದ್ದಿಕೊಳ್ಳಬೇಕು. ಪುಸ್ತಕದ ನಕ್ಷೆಗಳು ಹೇಳುವುದು ಸ್ಥಳೀಯ ಕಾಲ. ನಮ್ಮ ಗಡಿಯಾರ ನಡೆಯುವುದು 82.5 ಡಿಗ್ರಿ ಪೂರ್ವ ರೇಖಾಂಶದ ಲೆಕ್ಕದಲ್ಲಿ. ಒಂದು ಡಿಗ್ರಿಗೆ ನಾಲ್ಕು ನಿಮಿಷದಂತೆ ಬೆಂಗಳೂರಿಗೆ ಸುಮಾರು 20 ನಿಮಿಷ, ಮಂಗಳೂರಿಗೆ ಸುಮಾರು 30 ನಿಮಿಷ ಅಂತರ ಬರುತ್ತದೆ. ನಕ್ಷೆ ರಾತ್ರಿ 9 ಗಂಟೆಗೆ ತೋರಿಸುವ ಆಕಾಶ ಬೆಂಗಳೂರಿನ ಗಡಿಯಾರದಲ್ಲಿ 9.20ಕ್ಕೆ, ಮಂಗಳೂರಿನಲ್ಲಿ 9.30ಕ್ಕೆ ಸಿಗುತ್ತದೆ. ಅಲ್ಲದೆ ನಕ್ಷತ್ರಗಳು ದಿನಕ್ಕೆ ನಾಲ್ಕು ನಿಮಿಷ ಮುಂಚೆ ಹುಟ್ಟುತ್ತವೆ, ತಿಂಗಳಿಗೆ ಎರಡು ಗಂಟೆ. ಜನವರಿ 1ರ ರಾತ್ರಿ ಹತ್ತರ ನಕ್ಷೆಯೇ ಫೆಬ್ರವರಿ 1ರ ರಾತ್ರಿ ಎಂಟಕ್ಕೂ ಆಗುತ್ತದೆ. ಇದು ಗೊತ್ತಿದ್ದರೆ ಹನ್ನೆರಡು ನಕ್ಷೆಗಳ ಪುಸ್ತಕದಿಂದ ವರ್ಷದ ಯಾವ ಹೊತ್ತಿನ ಆಕಾಶವನ್ನಾದರೂ ಓದಬಹುದು.

ಕಂಡದ್ದನ್ನು ಕಂಡಂತೆ ಬರೆದ ಪುಸ್ತಕ

ದೂರದರ್ಶಕ ಕೊಂಡವರು ಬೇಗ ಬೇಸರಪಟ್ಟುಕೊಳ್ಳಲು ಮುಖ್ಯ ಕಾರಣ ಬಣ್ಣದ ಛಾಯಾಚಿತ್ರಗಳು. ಹಬಲ್ ತೆಗೆದ ನೀಹಾರಿಕೆಯ ಚಿತ್ರ ನೋಡಿ ಬೆಳೆದ ಕಣ್ಣಿಗೆ ನಾಲ್ಕು ಇಂಚಿನ ದೂರದರ್ಶಕದಲ್ಲಿ ಕಾಣುವ ಬೂದುಬಣ್ಣದ ಮಬ್ಬು ಮೋಸದಂತೆ ತೋರುತ್ತದೆ. ಕ್ಯಾಮೆರಾ ಗಂಟೆಗಟ್ಟಲೆ ಬೆಳಕು ಕೂಡಿಟ್ಟುಕೊಳ್ಳಬಲ್ಲದು. ಕಣ್ಣಿಗೆ ಆ ಶಕ್ತಿ ಇಲ್ಲ, ಮಂದ ಬೆಳಕಿನಲ್ಲಿ ಬಣ್ಣ ಗುರುತಿಸುವುದೂ ಕಷ್ಟ.

ಈ ಸಮಸ್ಯೆಯನ್ನು ಪ್ರಾಮಾಣಿಕವಾಗಿ ಎದುರಿಸಿದ ಪುಸ್ತಕ ‘ಟರ್ನ್ ಲೆಫ್ಟ್ ಅಟ್ ಓರಿಯನ್’. ಕೇಂಬ್ರಿಜ್ ವಿಶ್ವವಿದ್ಯಾಲಯದ ಮುದ್ರಣಾಲಯ ಇದನ್ನು ಮೊದಲು ತಂದದ್ದು 1989ರಲ್ಲಿ. ಬರೆದವರು ಗೈ ಕಾನ್ಸೊಲ್ಮಾನ್ಯೊ ಮತ್ತು ಡಾನ್ ಡೇವಿಸ್. ಕಾನ್ಸೊಲ್ಮಾನ್ಯೊ ಗ್ರಹವಿಜ್ಞಾನಿ, ಕೀನ್ಯಾದಲ್ಲಿ ಪಾಠ ಹೇಳಿದವರು, ಆಮೇಲೆ ಜೆಸ್ಯೂಟ್ ಸಂಘ ಸೇರಿ ವ್ಯಾಟಿಕನ್ ವೀಕ್ಷಣಾಲಯದ ನಿರ್ದೇಶಕರೂ ಆದವರು. ಆಕಾಶವನ್ನು ವೃತ್ತಿಯಾಗಿ ಓದಿದ ಅವರಿಗೂ ಚಿಕ್ಕ ದೂರದರ್ಶಕದಲ್ಲಿ ಏನೇನು ನೋಡಬಹುದೆಂದು ತೋರಿಸಿಕೊಟ್ಟದ್ದು ಗೆಳೆಯ ಡೇವಿಸ್. ರಾಜಹಂಸ ಪುಂಜದ ಆಲ್ಬಿರಿಯೊ ಬರಿಗಣ್ಣಿಗೆ ಒಂದೇ ಚುಕ್ಕೆ. ದೂರದರ್ಶಕದಲ್ಲಿ ಚಿನ್ನದ ಬಣ್ಣದ್ದೊಂದು, ನೀಲಿಯದೊಂದು ಎಂದು ಎರಡಾಗಿ ಒಡೆಯುತ್ತದೆ. ಗೆಳೆಯನೊಬ್ಬ ಪಕ್ಕದಲ್ಲಿ ನಿಂತು ಇಂಥದ್ದನ್ನು ತೋರಿಸುವಾಗಿನ ಸಲುಗೆ ಇಡೀ ಪುಸ್ತಕದಲ್ಲಿದೆ.

ಅದರ ಪುಟರಚನೆಯೇ ಒಂದು ಪಾಠ. ಪ್ರತಿ ವಸ್ತುವಿಗೂ ಬರಿಗಣ್ಣಿಗೆ ಆ ಜಾಗ ಹೇಗಿದೆ, ದೂರದರ್ಶಕದ ಮೇಲಿರುವ ಫೈಂಡರಿನಲ್ಲಿ ಹೇಗೆ ಕಾಣುತ್ತದೆ, ಮುಖ್ಯ ಮಸೂರದಲ್ಲಿ ಹೇಗೆ ಕಾಣುತ್ತದೆ ಎಂಬ ಮೂರು ಚಿತ್ರಗಳು. ಛಾಯಾಚಿತ್ರ ಇಲ್ಲ, ಪೆನ್ಸಿಲಿನಲ್ಲಿ ಬಿಡಿಸಿದಂಥ ರೇಖಾಚಿತ್ರ. ನಿಮಗೆ ಕಾಣುವುದು ಇಷ್ಟೇ ಎಂದು ಮೊದಲೇ ಹೇಳುವುದರಿಂದ ಕಂಡಾಗ ಸಂತೋಷ ಇಮ್ಮಡಿಯಾಗುತ್ತದೆ. ದರ್ಪಣ ಸೇರಿಸಿದ ದೂರದರ್ಶಕದಲ್ಲಿ ಎಡಬಲ ಅದಲುಬದಲಾಗುವುದನ್ನೂ ಲೆಕ್ಕಕ್ಕೆ ತೆಗೆದುಕೊಂಡೇ ಚಿತ್ರ ಬರೆದಿದ್ದಾರೆ. ನಂತರದ ಆವೃತ್ತಿಗಳಲ್ಲಿ ಚಿಕ್ಕ ದೂರದರ್ಶಕದ ನೋಟ, ದೊಡ್ಡ ಡಾಬ್ಸೋನಿಯನ್ ದೂರದರ್ಶಕದ ನೋಟ ಬೇರೆಬೇರೆಯಾಗಿವೆ. ದಕ್ಷಿಣದ ಆಕಾಶಕ್ಕೆಂದು ಪ್ರತ್ಯೇಕ ಭಾಗವೂ ಇದೆ. ನಮ್ಮವರು ಅದನ್ನು ಅನ್ಯರ ಪಾಲಿನದೆಂದು ದಾಟಿ ಹೋಗಬಾರದು, ಅದರಲ್ಲಿ ನಮಗೆ ಸೇರಿದ್ದು ಬೇಕಾದಷ್ಟಿದೆ.

ಇದೇ ಸಾಲಿನಲ್ಲಿ ಕೆನಡಾದ ಟೆರೆನ್ಸ್ ಡಿಕಿನ್ಸನ್ ಅವರ ‘ನೈಟ್‌ವಾಚ್’ (1983) ಕೂಡ ಬಲು ಜನಪ್ರಿಯ. ಉಪಕರಣ ಆರಿಸುವ ಬಗ್ಗೆ ಅದರಲ್ಲಿರುವ ಸಲಹೆ ವಿವೇಕದ್ದು, ಬರವಣಿಗೆಯೂ ತಿಳಿಯಾದದ್ದು. ನಕ್ಷೆಗಳು ಮಾತ್ರ ಕೆನಡಾ, ಅಮೆರಿಕದವರಿಗೆ ಹೊಂದುವಂಥವು. ಇವೆರಡರಲ್ಲಿ ಒಂದನ್ನೇ ಕೊಳ್ಳಬೇಕೆಂದರೆ ಕರ್ನಾಟಕದ ಓದುಗರು ಕಾನ್ಸೊಲ್ಮಾನ್ಯೊ-ಡೇವಿಸ್ ಪುಸ್ತಕವನ್ನೇ ಕೊಳ್ಳಲಿ.

ಪ್ಯಾರಿಸ್ಸಿನ ದಿಗಂತ, ನಮ್ಮ ದಿಗಂತ

ಯಾವ ಕೈಪಿಡಿ ತೆರೆದರೂ ‘ಎಂ’ ಅಕ್ಷರದ ಮುಂದೆ ಸಂಖ್ಯೆ ಇರುವ ಹೆಸರುಗಳು ಸಿಗುತ್ತವೆ. ಚಾರ್ಲ್ಸ್ ಮೆಸ್ಸಿಯೆ ಎಂಬ ಫ್ರೆಂಚ್ ಖಗೋಳಜ್ಞ ಧೂಮಕೇತುಗಳ ಬೇಟೆಯಲ್ಲಿದ್ದಾಗ, ಧೂಮಕೇತುವಿನಂತೆ ಕಂಡು ದಾರಿ ತಪ್ಪಿಸುವ ಮಬ್ಬುಗಳ ಪಟ್ಟಿ ಮಾಡಿದ. 1781ರ ಪಟ್ಟಿಯಲ್ಲಿ 103 ವಸ್ತುಗಳಿದ್ದವು. ನಂತರದವರು ಅದನ್ನು 110ಕ್ಕೆ ಏರಿಸಿದರು. ಹವ್ಯಾಸಿಗಳಿಗೆ ಇಂದಿಗೂ ಇದೇ ಮೊದಲ ಪಠ್ಯ. ಆದರೆ ಮೆಸ್ಸಿಯೆ ನೋಡಿದ್ದು ಪ್ಯಾರಿಸ್ಸಿನಿಂದ, ಸುಮಾರು 49 ಡಿಗ್ರಿ ಉತ್ತರದಿಂದ. ಅವನ ಪಟ್ಟಿಯಲ್ಲಿ ಎಲ್ಲಕ್ಕಿಂತ ದಕ್ಷಿಣದ್ದು ವೃಶ್ಚಿಕದ ಬಾಲದ ಬಳಿಯ ಎಂ 7 ಗುಚ್ಛ. ಪ್ಯಾರಿಸ್ಸಿನ ಮನೆಗಳ ಮೇಲೆ ಆರೇಳು ಡಿಗ್ರಿಯಷ್ಟೇ ಏರುವ ಅದು ಬೆಂಗಳೂರಿನಲ್ಲಿ 42 ಡಿಗ್ರಿ ಎತ್ತರಕ್ಕೆ ಬರುತ್ತದೆ, ಕತ್ತಲ ಊರಿನಲ್ಲಿ ಬರಿಗಣ್ಣಿಗೇ ಬೆಳಗುತ್ತದೆ. ಅಲ್ಲಿನ ಪುಸ್ತಕ ‘ದಿಗಂತದಲ್ಲಿ, ಕಷ್ಟ’ ಎಂದು ಬರೆದಿರುವ ಎಷ್ಟೋ ವಸ್ತುಗಳು ನಮಗೆ ಸುಲಭ.

ಮೆಸ್ಸಿಯೆಯ ಪಟ್ಟಿಯಲ್ಲಿ ಇಲ್ಲದೆ ಹೋದ ಮಹಾ ವಸ್ತು ಒಮೆಗಾ ಸೆಂಟಾರಿ. ಸುಮಾರು 17,000 ಜ್ಯೋತಿರ್ವರ್ಷ ದೂರದಲ್ಲಿ, ಕೋಟಿಯಷ್ಟು ನಕ್ಷತ್ರಗಳು ಚೆಂಡಿನಂತೆ ಒತ್ತೊತ್ತಾಗಿ ಸೇರಿದ ಗೋಳಗುಚ್ಛ ಅದು. ಟಾಲೆಮಿ ಅದನ್ನು ನಕ್ಷತ್ರವೆಂದೇ ಎಣಿಸಿದ್ದ. 1677ರಲ್ಲಿ ಸೇಂಟ್ ಹೆಲೆನಾ ದ್ವೀಪಕ್ಕೆ ಹೋಗಿದ್ದ ಎಡ್ಮಂಡ್ ಹ್ಯಾಲಿ ಅದು ನಕ್ಷತ್ರದಂತಿಲ್ಲ ಎಂದು ಗಮನಿಸಿದ. ಅದನ್ನು ಚೆನ್ನಾಗಿ ನೋಡಲು ಯುರೋಪಿನವರು ಸಮುದ್ರ ದಾಟಬೇಕಾಗಿತ್ತು. ನಮಗೆ ಏಪ್ರಿಲ್, ಮೇ ತಿಂಗಳ ರಾತ್ರಿ ದಕ್ಷಿಣ ದಿಕ್ಕು ತೆರೆದಿರುವ ಹೊಲದ ಬದು ಸಾಕು. ಬೆಂಗಳೂರಿನಲ್ಲಿ ಅದು ಏರುವ ಎತ್ತರ 29 ಡಿಗ್ರಿ, ಬೀದರಿನಲ್ಲಿ 24. ಸಾಧಾರಣ ಬೈನಾಕ್ಯುಲರಿನಲ್ಲೂ ದುಂಡನೆಯ ಬೆಳಕಿನ ಉಂಡೆಯಾಗಿ ನಿಲ್ಲುತ್ತದೆ.

ದಕ್ಷಿಣದ ಯಾವ ವಸ್ತು ನಿಮ್ಮ ಊರಿನಿಂದ ಕಾಣುತ್ತದೆ ಎಂದು ತಿಳಿಯುವ ಲೆಕ್ಕ ಹೀಗೆ: 90ರಿಂದ ನಿಮ್ಮ ಊರಿನ ಅಕ್ಷಾಂಶ ಕಳೆಯಿರಿ, ಉಳಿದದ್ದರಿಂದ ಪುಸ್ತಕದಲ್ಲಿ ಆ ವಸ್ತುವಿಗೆ ಕೊಟ್ಟಿರುವ ದಕ್ಷಿಣ ಡಿಗ್ರಿಯನ್ನು ಕಳೆಯಿರಿ. ಉಳಿಯುವುದೇ ಅದು ಏರುವ ಗರಿಷ್ಠ ಎತ್ತರ. ಹತ್ತು ಡಿಗ್ರಿಗಿಂತ ಕಡಿಮೆ ಬಂದರೆ ಆಸೆ ಬಿಡಿ, ಹದಿನೈದಕ್ಕಿಂತ ಹೆಚ್ಚಾದರೆ ಹೊರಡಿ. ಈ ಲೆಕ್ಕ ಹಾಕಿ ಪುಸ್ತಕದ ಅಂಚಿನಲ್ಲಿ ಪೆನ್ಸಿಲಿನಿಂದ ಗುರುತು ಮಾಡಿಕೊಂಡರೆ ವಿದೇಶದ ಪುಸ್ತಕ ನಿಮ್ಮ ಊರಿನದಾಗುತ್ತದೆ.

ಮೆಸ್ಸಿಯೆ ಮುಗಿಸಿದವರಿಗೆ ಕಾಲ್ಡ್‌ವೆಲ್ ಪಟ್ಟಿ ಇದೆ. ಬ್ರಿಟನ್ನಿನ ಪ್ಯಾಟ್ರಿಕ್ ಮೂರ್ 1995ರಲ್ಲಿ ಮಾಡಿದ ಇದರಲ್ಲಿ 109 ವಸ್ತುಗಳು, ಉತ್ತರದ ತುದಿಯಿಂದ ದಕ್ಷಿಣದ ತುದಿಯವರೆಗೆ ಕ್ರಮವಾಗಿ ಜೋಡಣೆಯಾಗಿವೆ. 80ನೆಯದು ಒಮೆಗಾ ಸೆಂಟಾರಿ. ದಕ್ಷಿಣ ಕರ್ನಾಟಕದಿಂದ 90ರ ಆಚೆಯವೂ ಹಲವು ಕಾಣುತ್ತವೆ. ಎರಡೂ ಪಟ್ಟಿಗಳಿಗೆ ಸ್ಟೀಫನ್ ಜೇಮ್ಸ್ ಓಮಿಯಾರ ‘ಡೀಪ್-ಸ್ಕೈ ಕಂಪ್ಯಾನಿಯನ್ಸ್’ ಮಾಲೆಯಲ್ಲಿ ಕೈಪಿಡಿ ಬರೆದಿದ್ದಾರೆ. ಅವರು ನಾಲ್ಕು ಇಂಚಿನ ದೂರದರ್ಶಕದಲ್ಲಿ ನೋಡಿ ಬರೆದದ್ದು ಹವಾಯಿ ದ್ವೀಪದಿಂದ, ಅಂದರೆ ಸುಮಾರು 19 ಡಿಗ್ರಿ ಉತ್ತರದಿಂದ. ಬೀದರಿಗೂ ಅಲ್ಲಿಗೂ ಅಕ್ಷಾಂಶದಲ್ಲಿ ಇರುವ ಅಂತರ ಒಂದೂವರೆ ಡಿಗ್ರಿಯಷ್ಟು ಮಾತ್ರ. ಅವರ ವರ್ಣನೆಗಳು ನಮ್ಮ ಆಕಾಶಕ್ಕೆ ಇಷ್ಟು ಚೆನ್ನಾಗಿ ಹೊಂದುವುದಕ್ಕೆ ಇದೇ ಕಾರಣ.

ಬೈನಾಕ್ಯುಲರ್ ಇರುವವರಿಗೆ ಗ್ಯಾರಿ ಸೆರೊನಿಕ್ ಅವರ ‘ಬೈನಾಕ್ಯುಲರ್ ಹೈಲೈಟ್ಸ್’ ತಕ್ಕದ್ದು. ಏಳು ಅಥವಾ ಹತ್ತು ಪಟ್ಟು ದೊಡ್ಡದಾಗಿ ತೋರಿಸುವ, 50 ಮಿಲಿಮೀಟರ್ ಮಸೂರದ ಜೋಡಿ ಸಾಕು. ಕೃತ್ತಿಕೆ, ಮಹಾವ್ಯಾಧನ ಖಡ್ಗದ ನೀಹಾರಿಕೆ, ಪುಷ್ಯದ ಪಕ್ಕದ ಜೇನುಗೂಡು ಗುಚ್ಛ, ದೇವಯಾನಿ ಗೆಲಾಕ್ಸಿ ಇವಕ್ಕೆಲ್ಲ ದೂರದರ್ಶಕಕ್ಕಿಂತ ಬೈನಾಕ್ಯುಲರ್ ಒಳ್ಳೆಯದು, ಏಕೆಂದರೆ ಅದರ ನೋಟ ಅಗಲ.

ಅಟ್ಲಾಸ್ ಯಾವಾಗ ಬೇಕು?

ಪುಂಜಗಳು ಪರಿಚಯವಾದ ಮೇಲೆ ಬೇಕು, ಮೊದಲು ಬೇಡ. ರೋಜರ್ ಸಿನ್ನಾಟ್ ಸಿದ್ಧಪಡಿಸಿದ ‘ಪಾಕೆಟ್ ಸ್ಕೈ ಅಟ್ಲಾಸ್’ (2006) ಬಹುಮಂದಿಗೆ ಕೊನೆಯವರೆಗೂ ಸಾಕಾಗುತ್ತದೆ. 80 ನಕ್ಷೆಗಳು, 30,000ಕ್ಕೂ ಹೆಚ್ಚು ನಕ್ಷತ್ರಗಳು, 7.6ನೆಯ ಕಾಂತಿಮಾನದವರೆಗೆ. ಕಾಂತಿಮಾನದ ಸಂಖ್ಯೆ ಹೆಚ್ಚಿದಷ್ಟೂ ನಕ್ಷತ್ರ ಮಂದ. ಒಳ್ಳೆಯ ಕತ್ತಲಲ್ಲಿ ಬರಿಗಣ್ಣಿನ ಮಿತಿ 6, ನಗರದ ನಡುವೆ 3 ಅಥವಾ 4. ಸುರುಳಿ ತಂತಿಯ ಹೊಲಿಗೆ ಇರುವುದರಿಂದ ಮಂಜು ಬೀಳುವ ರಾತ್ರಿ ಹುಲ್ಲಿನ ಮೇಲಿಟ್ಟರೂ ತೆರೆದ ಪುಟ ಮುಚ್ಚಿಕೊಳ್ಳುವುದಿಲ್ಲ. ಡಚ್ ನಕ್ಷಾಕಾರ ವಿಲ್ ಟಿರಿಯನ್ ಅವರ ‘ಸ್ಕೈ ಅಟ್ಲಾಸ್ 2000.0’ ಅದಕ್ಕಿಂತ ಆಳವಾದದ್ದು, ದೊಡ್ಡದು, ಸುಂದರವಾದದ್ದು. ಹೊರಗೆ ಒಯ್ಯಲು ಮಾತ್ರ ತುಸು ತೊಡಕು.

ಹಳೆಯ ಪುಸ್ತಕದ ಅಂಗಡಿಗಳಲ್ಲಿ ‘ನಾರ್ಟನ್ಸ್ ಸ್ಟಾರ್ ಅಟ್ಲಾಸ್’ ಕಂಡರೆ ಬಿಡಬೇಡಿ. ಶಾಲಾಮಾಸ್ತರರಾಗಿದ್ದ ಆರ್ಥರ್ ನಾರ್ಟನ್ 1910ರಲ್ಲಿ ತಂದ ಇದು ಇಪ್ಪತ್ತನೆಯ ಶತಮಾನದುದ್ದಕ್ಕೂ ಹವ್ಯಾಸಿಗಳ ಕೈಯಲ್ಲಿತ್ತು. ಹಳೆಯ ಹಲವು ಆವೃತ್ತಿಗಳಲ್ಲಿ ನಕ್ಷತ್ರಗಳ ಸ್ಥಾನ 1950ರ ಲೆಕ್ಕದ್ದು. ಭೂಮಿಯ ಅಕ್ಷ ಮೆಲ್ಲಗೆ ಓಲಾಡುವುದರಿಂದ 72 ವರ್ಷಕ್ಕೆ ಒಂದು ಡಿಗ್ರಿಯಷ್ಟು ವ್ಯತ್ಯಾಸ ಬರುತ್ತದೆ. ಬರಿಗಣ್ಣಿಗೂ ಬೈನಾಕ್ಯುಲರಿಗೂ ಇದರಿಂದ ಏನೂ ತೊಂದರೆ ಇಲ್ಲ. ಗ್ರಹಗಳ ಕೋಷ್ಟಕ, ಗ್ರಹಣದ ಪಟ್ಟಿ ಇರುವ ಹಳೆಯ ಪುಸ್ತಕಗಳಿಗೆ ಮಾತ್ರ ಆ ಪುಟಗಳ ಮಟ್ಟಿಗೆ ಆಯುಸ್ಸು ಮುಗಿದಿರುತ್ತದೆ.

ಕೈಪಿಡಿಗಳ ಇತಿಹಾಸದಲ್ಲಿ ನನ್ನ ಮನಸ್ಸನ್ನು ಎಲ್ಲಕ್ಕಿಂತ ಹೆಚ್ಚು ಕಲಕುವುದು ‘ಬರ್ನ್‌ಹ್ಯಾಮ್ಸ್ ಸೆಲೆಸ್ಟಿಯಲ್ ಹ್ಯಾಂಡ್‌ಬುಕ್’. ಹೆಚ್ಚಿನ ಓದಿಲ್ಲದ ರಾಬರ್ಟ್ ಬರ್ನ್‌ಹ್ಯಾಮ್ ಹವ್ಯಾಸಿಯಾಗಿ ಧೂಮಕೇತು ಪತ್ತೆ ಮಾಡಿ ಅರಿಜೋನಾದ ಲೋವೆಲ್ ವೀಕ್ಷಣಾಲಯದಲ್ಲಿ ಕೆಲಸಕ್ಕೆ ಸೇರಿದರು. ಹಗಲಿರುಳೂ ಕೂಡಿಟ್ಟ ಟಿಪ್ಪಣಿಗಳು 1978ರಲ್ಲಿ ಮೂರು ಸಂಪುಟಗಳಾಗಿ, ಎರಡು ಸಾವಿರಕ್ಕೂ ಹೆಚ್ಚು ಪುಟಗಳಾಗಿ ಹೊರಬಂದವು. ಒಂದೊಂದು ಪುಂಜದ ಅಡಿಯಲ್ಲೂ ಅಂಕಿಅಂಶ, ವೀಕ್ಷಣೆ, ಪುರಾಣ, ಕಾವ್ಯ, ನಾಣ್ಯಗಳ ವಿವರ. ಅದರ ಮರುವರ್ಷವೇ ಅವರು ಕೆಲಸ ಕಳೆದುಕೊಂಡರು. ಕೊನೆಯ ವರ್ಷಗಳಲ್ಲಿ ಸ್ಯಾನ್ ಡಿಯಾಗೊದ ಉದ್ಯಾನವೊಂದರಲ್ಲಿ ತಾವು ಬರೆದ ಬೆಕ್ಕಿನ ಚಿತ್ರಗಳನ್ನು ಮಾರುತ್ತಿದ್ದರು. 1993ರಲ್ಲಿ ಅವರು ತೀರಿಕೊಂಡಾಗ, ಜಗತ್ತಿನ ಹವ್ಯಾಸಿಗಳು ದಿನವೂ ಬಿಚ್ಚುವ ಪುಸ್ತಕದ ಕರ್ತೃ ಇವರೆಂದು ಸುತ್ತಲಿನವರಿಗೆ ತಿಳಿದಿರಲಿಲ್ಲ. ಸಾವಿನ ಸುದ್ದಿ ಖಗೋಳಾಸಕ್ತರಿಗೆ ಮುಟ್ಟಿದ್ದೂ ವರ್ಷಗಳ ಮೇಲೆ. ಆ ಸಂಪುಟಗಳ ವಿಜ್ಞಾನ ಇಂದು ಅಲ್ಲಲ್ಲಿ ಹಳತಾಗಿದೆ. ಆದರೂ ಮಳೆಗಾಲದಲ್ಲಿ, ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಆಕಾಶ ಮುಚ್ಚಿರುವಾಗ, ಓದಲು ಅದಕ್ಕಿಂತ ಒಳ್ಳೆಯ ಖಗೋಳದ ಪುಸ್ತಕ ಇಲ್ಲ.

ಚಂದ್ರ ಮತ್ತು ಗೋಡೆಯ ಕ್ಯಾಲೆಂಡರ್

ಬೆಂಗಳೂರಿನ ನಡುವೆ ಇರುವವರಿಗೆ ನೀಹಾರಿಕೆ ಕಾಣದಿದ್ದರೂ ಚಂದ್ರ ಕಾಣುತ್ತಾನೆ. ಬೀದಿದೀಪ ಅವನಿಗೆ ಅಡ್ಡಿಯಲ್ಲ. ಅವನು ನಮ್ಮಲ್ಲಿ ನೆತ್ತಿಯ ಹತ್ತಿರಕ್ಕೆ ಏರುವುದರಿಂದ ಗಾಳಿಯ ಕಲಕಾಟವೂ ಕಡಿಮೆ. ಚಂದ್ರನ ಕೈಪಿಡಿಗಳಲ್ಲಿ ಜೆಕ್ ನಕ್ಷಾಕಾರ ಆಂಟೊನಿನ್ ರೂಕ್ಲ್ ಅವರ ‘ಅಟ್ಲಾಸ್ ಆಫ್ ದಿ ಮೂನ್’ಗೆ ಸಮನಾದದ್ದಿಲ್ಲ. ನಮಗೆ ಕಾಣುವ ಮುಖವನ್ನು 76 ತುಂಡುಗಳಾಗಿ ಮಾಡಿ ಕೈಯಿಂದ ಬಿಡಿಸಿದ್ದಾರೆ.

ಚಂದ್ರನ ಕುಳಿಗಳು ಚೆನ್ನಾಗಿ ಕಾಣುವುದು ಬೆಳಕು-ಕತ್ತಲೆಯ ಗಡಿರೇಖೆ ಅವುಗಳ ಹತ್ತಿರ ಹಾಯುವಾಗ. ಆಗ ನೆರಳು ಉದ್ದ ಬೀಳುತ್ತದೆ. ಯಾವ ದಿನ ಗಡಿ ಎಲ್ಲಿದೆ ಎಂದು ಹೇಳಲು ವಿದೇಶಿ ಪುಸ್ತಕಗಳು ‘ಚಂದ್ರನ ವಯಸ್ಸು’ ಎಂಬ ಲೆಕ್ಕ ಕೊಡುತ್ತವೆ. ನಮ್ಮ ಮನೆಯ ಗೋಡೆಯಲ್ಲಿ ಅದಕ್ಕಿಂತ ಕರಾರುವಾಕ್ಕಾದ ಸಾಧನ ತೂಗುತ್ತಿದೆ. ಸೂರ್ಯನಿಂದ ಚಂದ್ರ 12 ಡಿಗ್ರಿ ದೂರ ಸರಿದರೆ ಒಂದು ತಿಥಿ. ಗಡಿರೇಖೆಯ ಜಾಗವನ್ನು ನಿರ್ಧರಿಸುವುದೂ ಇದೇ ಕೋನ. ಆದ್ದರಿಂದ ಶುಕ್ಲ ಷಷ್ಠಿಯ ಸಂಜೆ ಥಿಯೊಫಿಲಸ್ ಕುಳಿಯನ್ನೂ, ಅಷ್ಟಮಿಗೆ ನಡುಭಾಗದ ಟಾಲೆಮೇಯಸ್‌ನ ವಿಶಾಲ ಬಯಲನ್ನೂ, ನವಮಿಗೆ ನೇರಗೋಡೆ ಎಂದು ಹೆಸರಾದ ನೂರು ಕಿಲೋಮೀಟರಿಗೂ ಉದ್ದದ ದಿಬ್ಬವನ್ನೂ, ದಶಮಿಗೆ ಕೊಪರ್ನಿಕಸ್ ಕುಳಿಯ ಮೆಟ್ಟಿಲು ಮೆಟ್ಟಿಲಾದ ಗೋಡೆಗಳನ್ನೂ ನೋಡಿ. ಚಂದ್ರನ ತುಸು ತೂಗಾಟದಿಂದ ಒಮ್ಮೊಮ್ಮೆ ಸ್ವಲ್ಪ ಹಿಂದುಮುಂದಾಗಬಹುದು, ಅಷ್ಟೇ. ಮಬ್ಬು ವಸ್ತುಗಳನ್ನು ನೋಡುವವರಿಗೆ ಕೃಷ್ಣಪಕ್ಷದ ಅಷ್ಟಮಿಯ ನಂತರದ ಸಂಜೆಗಳು ಬೇಕು. ಆಗ ಚಂದ್ರ ಹುಟ್ಟುವುದು ನಡುರಾತ್ರಿಯ ಮೇಲೆ.

ಅದೇ ಕ್ಯಾಲೆಂಡರಿನ ನಿತ್ಯ ನಕ್ಷತ್ರವೂ ವೀಕ್ಷಕರಿಗೆ ಉಪಯುಕ್ತ. ರೋಹಿಣಿ, ಮಘಾ, ಚಿತ್ತಾ ಎಂದಿರುವ ರಾತ್ರಿ ಚಂದ್ರನ ಸುತ್ತಮುತ್ತ ನೋಡಿದರೆ ಆ ಹೆಸರಿನ ಪ್ರಕಾಶದ ನಕ್ಷತ್ರವೇ ಇರುತ್ತದೆ. ರೈತರ ಮಳೆಲೆಕ್ಕವೂ ಹಾಗೆಯೇ: ಆರಿದ್ರಾ ಮಳೆ ಎಂದರೆ ಸೂರ್ಯ ಆರಿದ್ರೆಯ ಭಾಗದಲ್ಲಿದ್ದಾನೆ, ಆಗ ಆ ನಕ್ಷತ್ರ ಕಾಣದು. ಅಲ್ಲಿಂದ ಆರು ತಿಂಗಳಿಗೆ, ಡಿಸೆಂಬರ್ ಕೊನೆಯಲ್ಲಿ, ಅದು ಸಂಜೆ ಪೂರ್ವದಲ್ಲಿ ಹುಟ್ಟಿ ರಾತ್ರಿಯಿಡೀ ಇರುತ್ತದೆ. ಮಳೆ ನಕ್ಷತ್ರಗಳ ಹೆಸರು ಬಲ್ಲ ಹಳ್ಳಿಯ ಹಿರಿಯರ ಜೊತೆ ಕೂತು ನಕ್ಷೆ ಬಿಚ್ಚಿದರೆ ಅರ್ಧ ಪಾಠ ಅವರಿಂದಲೇ ಆಗುತ್ತದೆ.

ಮೊಬೈಲ್ ಇರುವಾಗ ಪುಸ್ತಕ ಏಕೆ ಎಂದು ಕೇಳುವವರಿದ್ದಾರೆ. ಕತ್ತಲಿಗೆ ಕಣ್ಣು ಒಗ್ಗಲು ಇಪ್ಪತ್ತರಿಂದ ಮೂವತ್ತು ನಿಮಿಷ ಬೇಕು. ಪರದೆಯ ಬಿಳಿ ಬೆಳಕು ಅದನ್ನು ಕ್ಷಣದಲ್ಲಿ ಕೆಡಿಸುತ್ತದೆ. ಟಾರ್ಚಿಗೆ ಕೆಂಪು ಜಿಲೆಟಿನ್ ಕಾಗದ ಸುತ್ತಿ ಪುಸ್ತಕ ಓದಿದರೆ ಆ ತೊಂದರೆ ಇಲ್ಲ. ಕಂಪ್ಯೂಟರನ್ನು ಮನೆಯಲ್ಲಿ ಬಳಸಿ. ಸ್ಟೆಲ್ಲೇರಿಯಂ ಎಂಬ ಉಚಿತ ತಂತ್ರಾಂಶದಲ್ಲಿ ನಿಮ್ಮ ಊರು, ದಿನಾಂಕ, ಗಂಟೆ ಹಾಕಿದರೆ ಸರಿಯಾದ ದಿಗಂತವೇ ಬರುತ್ತದೆ. ಅದನ್ನು ಬಿಳಿ ಹಾಳೆಯಲ್ಲಿ ಮುದ್ರಿಸಿ ಕೈಪಿಡಿಯೊಳಗೆ ಇಟ್ಟುಕೊಂಡು ಹೊರಡಿ. ಕಂಡದ್ದನ್ನು ದಿನಾಂಕ, ಹೊತ್ತು ಸಹಿತ ಬರೆದಿಡಿ. ಊರಾಚೆಗೆ ಹೋಗುವುದಾದರೆ ಒಬ್ಬರೇ ಹೋಗಬೇಡಿ. ಬೆಂಗಳೂರಿನ ಜವಾಹರಲಾಲ್ ನೆಹರು ತಾರಾಲಯ, ಪಿಲಿಕುಳದ ಸ್ವಾಮಿ ವಿವೇಕಾನಂದ ತಾರಾಲಯ, ಹವ್ಯಾಸಿ ಸಂಘಗಳು ನಡೆಸುವ ವೀಕ್ಷಣಾ ಕಾರ್ಯಕ್ರಮಗಳಿಗೆ ಪುಸ್ತಕ ಹಿಡಿದೇ ಹೋಗಿ. ಅರ್ಥವಾಗದ ನಕ್ಷೆಯನ್ನು ಅಲ್ಲಿ ಕೇಳಿ ಬಗೆಹರಿಸಿಕೊಳ್ಳಬಹುದು.

ಕನ್ನಡದಲ್ಲಿ ಖಗೋಳ ಬರೆದವರಿಗೆ ಕೊರತೆ ಇರಲಿಲ್ಲ. ಆರ್. ಎಲ್. ನರಸಿಂಹಯ್ಯ, ಮೈಸೂರು ವಿಶ್ವವಿದ್ಯಾಲಯದ ಕನ್ನಡ ವಿಶ್ವಕೋಶದ ವಿಜ್ಞಾನ ವಿಭಾಗ ನೋಡಿಕೊಂಡ ಜಿ. ಟಿ. ನಾರಾಯಣ ರಾವ್, ನಮ್ಮ ಕಾಲದಲ್ಲಿ ಬಿ. ಎಸ್. ಶೈಲಜಾ ಇವರ ಪುಸ್ತಕಗಳನ್ನು ಗ್ರಂಥಾಲಯಗಳಲ್ಲಿ ಹೆಸರು ಹಿಡಿದು ಕೇಳಿ ಓದಬೇಕು. ಇವುಗಳ ಜೊತೆಗೆ ನಮಗೆ ಬೇಕಿರುವುದು ರಾತ್ರಿ ಹೊಲಕ್ಕೆ ಒಯ್ಯಬಹುದಾದ, ಸುರುಳಿ ಹೊಲಿಗೆಯ, ಬೆಲೆ ಕಡಿಮೆಯ ಕನ್ನಡ ನಕ್ಷೆಪುಸ್ತಕ. 15 ಡಿಗ್ರಿ ಉತ್ತರಕ್ಕೆ ಬಿಡಿಸಿದ ತಿಂಗಳಿಗೊಂದು ನಕ್ಷೆ, ಭಾರತೀಯ ಕಾಲಮಾನ, ನಮ್ಮ ನಕ್ಷತ್ರಗಳ ಹೆಸರು, ಅಗಸ್ತ್ಯ, ತ್ರಿಶಂಕು, ಒಮೆಗಾ ಸೆಂಟಾರಿಗೆ ಮುಖ್ಯ ಅಧ್ಯಾಯದಲ್ಲೇ ಜಾಗ, ತಿಥಿಗೊಂದರಂತೆ ಚಂದ್ರನ ಚಿತ್ರ. ಹತ್ತಾರು ವರ್ಷ ಆಕಾಶ ನೋಡಿದ ಹವ್ಯಾಸಿಗಳು ನಮ್ಮ ನಡುವೆ ಇದ್ದಾರೆ, ಟಿಪ್ಪಣಿ ಪುಸ್ತಕಗಳೂ ಅವರ ಬಳಿ ಇವೆ. ಅವರು ಅದನ್ನು ಬರೆಯಲಿ, ನಮ್ಮ ಪ್ರಕಾಶಕರು ಪ್ರಕಟಿಸಲಿ, ಪ್ರತಿ ಪ್ರೌಢಶಾಲೆ ಒಂದೊಂದು ಪ್ರತಿ ಕೊಳ್ಳಲಿ.